ಜರ್ಮನಿಯ ನಟ ನಮ್ಮಣ್ಣನ ಗಾಡಿ ಹತ್ತಿದ್ದು

ಜರ್ಮನಿಯ ಒಂದು ಟಿ.ವಿ. ತಂಡ ಚಿತ್ರೀಕರಣಕ್ಕೆಂದು ಶ್ರೀರಂಗಪಟ್ಟಣಕ್ಕೆ ಬಂದಿತ್ತು. ಇಂಗ್ಲಿಷು, ಕನ್ನಡ ಎರಡೂ ಬಲ್ಲವರು ಬೇಕೆಂದು ಯಾರೋ ಪಾಂಡವಪುರದ ನಮ್ಮ ಮನೆಯನ್ನು ಹುಡುಕಿಕೊಂಡು ಬಂದರು. ಹೈಸ್ಕೂಲಿನಲ್ಲಿ ಇಂಗ್ಲಿಷ್ ಪಾಠ ಹೇಳಿ ಆಗಷ್ಟೇ ನಿವೃತ್ತಳಾಗಿದ್ದ ನನಗೆ ಮನೆಯಲ್ಲಿ ಕೂತು ಕೂತು ಬೇಜಾರಾಗಿತ್ತು. ಮರುಮಾತಿಲ್ಲದೆ ಹೊರಟೆ.

ಕಥೆಯ ನಾಯಕಿ ನಮ್ಮ ಕಡೆಯ ಹಳ್ಳಿಯಲ್ಲಿ ಕೆಲಸ ಮಾಡುವ ಜರ್ಮನ್ ಡಾಕ್ಟರು. ಅವಳನ್ನು ನೋಡಲು ಬರುವ ಸಿಡುಕಿನ ಅಪ್ಪನ ಪಾತ್ರ ಒಬ್ಬ ಹಿರಿಯ ನಟರದ್ದು. ಬೋಳುತಲೆ, ದಪ್ಪ ಹೊಟ್ಟೆ, ಬಿಸಿಲಿಗೆ ಟೊಮ್ಯಾಟೊ ಹಣ್ಣಿನಂತಾದ ಕೆನ್ನೆ. ಕ್ಯಾಮೆರಾ ನಿಂತರೆ ಸಾಕು, ಆ ಸಿಡುಕಪ್ಪ ಮಾಯವಾಗಿ ನಗುವ ಮನುಷ್ಯನೊಬ್ಬ ಉಳಿಯುತ್ತಿದ್ದ. ಎಳನೀರು ಕುಡಿಯುತ್ತಾ ಕೂತಾಗ ನಾನು ಕೇಳಿದೆ, "ನಿಮ್ಮೂರಲ್ಲಿ ನೀವು ದೊಡ್ಡ ಸ್ಟಾರೇ?"

"ಅಯ್ಯೋ, ಇಲ್ಲ. ನನ್ನ ಮುಖ ಎಲ್ಲರಿಗೂ ಗೊತ್ತು, ಹೆಸರು ಯಾರಿಗೂ ಗೊತ್ತಿಲ್ಲ. ನನ್ನನ್ನು ಕಂಡವರು ಹಲ್ಲಿನ ಡಾಕ್ಟರೋ, ದೂರದ ನೆಂಟನೋ ಅಂದುಕೊಂಡು ಕ್ಷೇಮ ವಿಚಾರಿಸುತ್ತಾರೆ. ನಾನೂ ಚೆನ್ನಾಗಿದ್ದೇನೆ ಅನ್ನುತ್ತೇನೆ."

ಅವರು ರೈಲ್ವೆ ನೌಕರನ ಮಗ. ಹರೆಯದಲ್ಲಿ ಊರಿನ ನಾಟಕಶಾಲೆ ಸೇರಿ, ಈಟಿ ಹಿಡಿದು ಸಿಂಹಾಸನದ ಹಿಂದೆ ನಿಲ್ಲುವ ಸೈನಿಕನಾದರು. ಆಮೇಲೆ ಟಿ.ವಿ., ಸಿನಿಮಾ. ಪೊಲೀಸ್ ಅಧಿಕಾರಿ, ಪಾದ್ರಿ, ಹೆಣವನ್ನು ಮೊದಲು ಕಾಣುವ ಪಕ್ಕದ ಮನೆಯವನು, ಕೆಲವೊಮ್ಮೆ ಆ ಹೆಣವೂ ಅವರೇ. "ಹೆಣವಾಗುವುದೇ ಕಷ್ಟ. ಮೂಗಿನ ಮೇಲೆ ನೊಣ ಕೂತರೂ ಸತ್ತಿರಬೇಕು," ಎಂದು ಕಣ್ಣು ಮುಚ್ಚಿ ತೋರಿಸಿದರು.

ಎತ್ತಿನ ಗಾಡಿಯ ದೃಶ್ಯದಲ್ಲಿ ಅವರಿಗೆ ಒಂದೇ ಒಂದು ಕನ್ನಡದ ಮಾತಿತ್ತು. ಸುಮ್ಮನೆ ಬಾಯಾಡಿಸಿ, ಆಮೇಲೆ ಬೇರೆಯವರಿಂದ ಹೇಳಿಸೋಣ ಎಂದರು ನಿರ್ದೇಶಕಿ. ಇವರು ಒಪ್ಪಲಿಲ್ಲ. ನಾನು "ದಯವಿಟ್ಟು ಗಾಡಿಯನ್ನು ನಿಧಾನವಾಗಿ ಓಡಿಸಿ" ಎಂದು ಕಲಿಸಿದೆ. ಎರಡು ಸಲ ಹೇಳಿ ನೋಡಿ, "ಇಲ್ಲಿಯವರು ಹೀಗೇ ಮಾತಾಡುತ್ತಾರಾ?" ಎಂದರು. ನಾನು ಕಲಿಸಿದ್ದು ಪಾಠದ ಪುಸ್ತಕದ ಕನ್ನಡ; ನನಗೆ ನಗು ತಡೆಯಲಾಗಲಿಲ್ಲ.

ಚಿತ್ರೀಕರಣಕ್ಕೆ ಬಿಡುವಿದ್ದ ದಿನ ಅವರನ್ನು ಕಾರಿನಲ್ಲಿ ಕೂರಿಸಿಕೊಂಡು ನಾಗಮಂಗಲದ ಮೇಲೆ ದೇವಲಾಪುರದ ಹತ್ತಿರದ ನನ್ನ ತವರಿಗೆ ಹೋದೆ. ಅಣ್ಣ ಅಲ್ಲಿ ಬೇಸಾಯ ಮಾಡುತ್ತಾನೆ, ಡೇರಿಗೆ ಹಾಲು ಹಾಕುತ್ತಾನೆ. ಊರಿನ ಪೌರಾಣಿಕ ನಾಟಕದಲ್ಲಿ ಅವನಿಗೆ ಯಾವಾಗಲೂ ಸಾರಥಿಯ ಪಾತ್ರ. ಹಾಡಿಲ್ಲ, ಕಿರೀಟವಿಲ್ಲ. ಅತಿಥಿಯ ಕಸುಬು ಕೇಳಿ ಅಣ್ಣ ಅರಳಿದ.

"ಈಟಿ ಇಡ್ಕೊಂಡು ನಿಂತಿದ್ರಂತಾ? ಅಂಗಾದ್ರೆ ನಮ್ಮೋರೇ ಬುಡವ್ವ! ಮುದ್ದೆ ಉಣ್ತಾರಾ ಕೇಳು."

ಉಂಡರು. ಹುರುಳಿ ಸಾರಿಗೆ ಬೆವರಿದರೂ ಇನ್ನೊಂದು ಅರ್ಧ ಮುದ್ದೆ ಹಾಕಿಸಿಕೊಂಡರು. ಊಟವಾದ ಮೇಲೆ ಕೊಟ್ಟಿಗೆಯಲ್ಲಿ ಗಾಡಿಯ ಮಾತಿನ ಪಾಠ ಶುರುವಾಯಿತು. "ಮೆಲ್ಲಗ್ ಒಡಿಯಪ್ಪೋ, ಸೊಂಟ ಉಳೀಲಿ!" ಎಂದು ಅಣ್ಣ ಹೇಳಿಕೊಟ್ಟ. ಅವರು ಸೊಂಟ ಹಿಡಿದುಕೊಂಡು ಮತ್ತೆ ಮತ್ತೆ ಕೂಗಿದರು. ಮೇವು ತಿನ್ನುತ್ತಿದ್ದ ಹಸು ತಲೆಯೆತ್ತಿ ನೋಡಿತು.

"ನೋಡವ್ವ, ಅಸೂಗೂ ಅರ್ತ ಆಯ್ತು!" ಎಂದ ಅಣ್ಣ.

ಗಾಡಿಯ ದೃಶ್ಯ ತೆಗೆಯುವ ದಿನ ಎಡವಟ್ಟಾಯಿತು. ಗಾಡಿ ಹೊಡೆಯಲು ಗೊತ್ತು ಮಾಡಿದ್ದ ಹುಡುಗ ಎತ್ತುಗಳಿಗಿಂತ ಹೆಚ್ಚು ಹೆದರಿದ್ದ. ಎತ್ತುಗಳು ಚಿತ್ರೀಕರಣದ ದೀಪಗಳಿಗೆ ಕಟ್ಟಿದ್ದ ದೊಡ್ಡ ಕೊಡೆಗಳನ್ನು ಕಂಡು ಬೆದರಿ ಗದ್ದೆಗಿಳಿದವು. ಎಲ್ಲರೂ ತಲೆಯ ಮೇಲೆ ಕೈಹೊತ್ತು ಕೂತಾಗ ನಟರು ನನ್ನ ಕಡೆ ತಿರುಗಿ, "ನಿಮ್ಮ ಅಣ್ಣನನ್ನು ಕರೆಸಿ" ಎಂದರು. ಫೋನು ಮಾಡಿದೆ. ಹಾಲು ಕರೆಯುವ ಕೆಲಸ ಅತ್ತಿಗೆಗೆ ಒಪ್ಪಿಸಿ ಮಧ್ಯಾಹ್ನದ ಹೊತ್ತಿಗೆ ಅಣ್ಣ ಬಸ್ಸಿಳಿದ. ಎತ್ತುಗಳ ಕೊರಳಡಿ ಜೋಲುವ ಗಂಗೆದೊಗಲು ಸವರಿ ಏನೋ ಗುನುಗಿದ, ಅವು ಸುಮ್ಮನಾದವು. ಅಣ್ಣನ ತಲೆಗೆ ಪೇಟ ಸುತ್ತಿ ಗಾಡಿಯ ಮೇಲೆ ಕೂರಿಸಿದರು. ಅವನಿಗೆ ಮಾತಿರಲಿಲ್ಲ, ಗಾಡಿ ಹೊಡೆದರೆ ಸಾಕಿತ್ತು.

ಗಾಡಿ ಹಳ್ಳದಲ್ಲಿ ಕುಲುಕಿತು. ನಟರು ಮುಖ ಗಂಟಿಕ್ಕಿ ಕೂಗಿದರು, "ಮೆಲ್ಲಗ್ ಒಡಿಯಪ್ಪೋ, ಸೊಂಟ ಉಳೀಲಿ!"

ಅಣ್ಣ ತಿರುಗಿಯೂ ನೋಡದೆ ಉತ್ತರ ಕೊಟ್ಟ: "ಸೊಂಟ ನಿಂದು, ರಸ್ತೆ ಸರ್ಕಾರದ್ದು. ನಾನೇನ್ಲಾ ಮಾಡ್ಲಿ?"

ನೋಡಲು ನಿಂತಿದ್ದ ಜನ ಘೊಳ್ಳೆಂದು ನಕ್ಕರು. ದೃಶ್ಯ ಹಾಳಾಯಿತಲ್ಲಾ ಎಂದುಕೊಂಡೆ ನಾನು. ನಿರ್ದೇಶಕಿ ಓಡಿಬಂದು ಏನು ಹೇಳಿದ ಎಂದು ಕೇಳಿದರು. ಅನುವಾದ ಮಾಡಿದೆ. ಆಕೆಯೂ ಬಿದ್ದು ಬಿದ್ದು ನಕ್ಕು, ನಗು ಕೇಳಿಸದಂತೆ ಜನರನ್ನು ದೂರ ನಿಲ್ಲಿಸಿ ಇಬ್ಬರಿಂದಲೂ ಅದನ್ನೇ ಇನ್ನೊಮ್ಮೆ ಹೇಳಿಸಿದರು.

ಕೆಲವು ತಿಂಗಳಾದ ಮೇಲೆ ಚಿತ್ರ ನನ್ನ ಮೊಬೈಲಿಗೆ ಬಂತು. ತವರಿನ ಜಗಲಿಯಲ್ಲಿ ಮನೆಮಂದಿಯೆಲ್ಲ ಮುತ್ತಿಕೊಂಡು ನೋಡಿದೆವು. ನಟರ ಎಷ್ಟೋ ದೃಶ್ಯಗಳಿಗೆ ಕತ್ತರಿ ಬಿದ್ದಿತ್ತು, ಗಾಡಿಯದು ಮಾತ್ರ ಪೂರ್ತಿಯಾಗಿ ಉಳಿದಿತ್ತು. ಕೆಳಗೆ ಜರ್ಮನ್ ಅಕ್ಷರಗಳಲ್ಲಿ ಅಣ್ಣನ ಮಾತು ಓಡಿತು. "ನನ್ ಮುಖಕ್ಕಿಂತ ಎತ್ತಿನ ಬಾಲವೇ ಜಾಸ್ತಿ ಕಾಣ್ತದೆ," ಎಂದು ಗೊಣಗಿದವನು ಅದನ್ನು ಮತ್ತೆ ಮತ್ತೆ ಹಾಕಿಸಿಕೊಂಡು ನೋಡಿದ.

ಈಗಲೂ ಅವರಿಬ್ಬರು ವಿಡಿಯೊ ಕಾಲ್ ಮಾಡಿಕೊಳ್ಳುತ್ತಾರೆ. ನಾನು ಪಕ್ಕದಲ್ಲಿ ಇರಲೇಬೇಕೆಂದಿಲ್ಲ. ಮೊನ್ನೆ ನಟರು ಯಾವುದೋ ಚಿತ್ರೀಕರಣದ ಜಾಗದಿಂದ ಪೊಲೀಸ್ ಟೋಪಿ ಎತ್ತಿ ಎತ್ತಿ ತೋರಿಸುತ್ತಿದ್ದರು. ಅಣ್ಣ ಹೊಸದಾಗಿ ಹುಟ್ಟಿದ ಕರುವನ್ನು ತಬ್ಬಿ ಎತ್ತಿ ಫೋನಿನ ಮುಂದೆ ಹಿಡಿದಿದ್ದ.