ಹಾಜರಿ ಪುಸ್ತಕದ ಇರುವೆ

ಬಸ್ ರಿಪೇರಿ ಶೆಡ್ಡಿನಲ್ಲಿ ಅವರ ನಿಜವಾದ ಹೆಸರು ಹಿಡಿದು ವಿಚಾರಿಸಿದರೆ ಎಲ್ಲರೂ ಮುಖ ಮುಖ ನೋಡಿಕೊಳ್ಳುತ್ತಾರೆ. ಕಿವಿ ಮೇಸ್ತ್ರಿ ಎನ್ನಿ, ಗೇಟಿನ ಕಾವಲುಗಾರನೇ ಕರೆದುಕೊಂಡು ಹೋಗಿ ಬಿಡುತ್ತಾನೆ. ಉದ್ದನೆಯ ಸ್ಕ್ರೂಡ್ರೈವರಿನ ತುದಿಯನ್ನು ಎಂಜಿನ್ನಿಗೆ ಒತ್ತಿ, ಹಿಡಿಯನ್ನು ಕಿವಿಗೆ ಆನಿಸಿ, ಕಣ್ಣು ಮುಚ್ಚಿ, "ಮೂರನೇ ಬೇರಿಂಗ್ ಹೋಗಿದೆ" ಎನ್ನುವರು. ಬಿಚ್ಚಿ ನೋಡಿದರೆ ಅದೇ ಹೋಗಿರುತ್ತಿತ್ತು.

ಇಂಥ ಕಿವಿಯ ಮನುಷ್ಯನ ತಲೆಯಲ್ಲಿ ಒಂದು ಹೆಸರೂ ನಿಲ್ಲುತ್ತಿರಲಿಲ್ಲ ನೋಡಿ! ಕೆಲಸ ಕಲಿಯಲು ಬಂದ ಅಪ್ರೆಂಟಿಸುಗಳಿಗೆಲ್ಲ ವಾರದೊಳಗೆ ಒಂದೊಂದು ಅಡ್ಡಹೆಸರು. ಇಟ್ಟಿದ್ದು ಹೋಗಲಿ, ಹಾಜರಿ ಪುಸ್ತಕದಲ್ಲೂ ಅದನ್ನೇ ಬರೆಯುವುದೇ? ನಿದ್ದೆ, ಹಾಜರು. ಗ್ರೀಸು, ರಜೆ. ಇರುವೆ, ಹಾಜರು. ಯಾರಾದರೂ ಕೇಳಿದರೆ, "ನನ್ನ ಮಕ್ಕಳು ನನಗೆ ಗೊತ್ತಲ್ಲ, ಸಾಕು ಬಿಡ್ರೀ" ಎಂದು ಗದರುತ್ತಿದ್ದರು.

ಇರುವೆ ಎಂದರೆ ಆ ತಂಡದ ಒಬ್ಬಳೇ ಹುಡುಗಿ. ತನಗಿಂತ ದೊಡ್ಡ ಜಾಕನ್ನು ಎಳೆದುಕೊಂಡು ಬರುತ್ತಾ, "ಬಿಡಿ, ನಾನೇ ತರ್ತೀನಿ" ಎನ್ನುತ್ತಿದ್ದಳು. ಕಲಿಕೆ ಮುಗಿದು ಒಂಬತ್ತು ವರ್ಷ ಕಂಡಕಂಡ ಗ್ಯಾರೇಜುಗಳಲ್ಲಿ ದುಡಿದಳು. ಈಗ ಶೆಡ್ಡಿನಲ್ಲಿ ಒಂದೇ ಒಂದು ಕಾಯಂ ಹುದ್ದೆ ಖಾಲಿ ಬಿದ್ದಿತ್ತು. ಪರೀಕ್ಷೆಯಲ್ಲಿ ಅವಳಿಗೂ ಹೊರಗಿನವನೊಬ್ಬನಿಗೂ ಸರಿಸಮ ಅಂಕ. ಅಂಕ ಸಮ ಬಂದರೆ ಅಲ್ಲೇ ಅಪ್ರೆಂಟಿಸ್ ಆಗಿದ್ದವರಿಗೆ ಮೊದಲ ಆದ್ಯತೆ ಎಂದು ಕಾನೂನು ಹೇಳುತ್ತಿತ್ತು. ಮುಂದಿನ ವರ್ಷಕ್ಕೆ ಅವಳ ವಯಸ್ಸು ಮೀರುತ್ತದೆ. ಇದು ತಪ್ಪಿದರೆ ತಪ್ಪಿದಂತೆಯೇ.

ಗುಮಾಸ್ತ ಅವಳ ಸರ್ಟಿಫಿಕೇಟನ್ನು ಹಳೆಯ ಹಾಜರಿ ಪುಸ್ತಕದ ಜೊತೆ ತಾಳೆ ನೋಡಿದ.

"ಈ ಹೆಸರಿನವರು ಇಲ್ಲಿ ಯಾರೂ ಕಲಿತಿಲ್ಲವಲ್ಲಮ್ಮ."

"ಇರುವೆ ಅಂತ ಇದೆ ನೋಡಿ ಸಾರ್, ಅದು ನಾನೇ."

"ಇರುವೆಗೆ ಕೆಲಸ ಕೊಟ್ಟೆ ಅಂತ ಬರೆದ್ರೆ ನನ್ನನ್ನ ಮನೆಗೆ ಕಳಿಸ್ತಾರೆ. ಐದು ಗಂಟೆಗೆ ಆಯ್ಕೆ ಪಟ್ಟಿ ಮೇಲಿನವರಿಗೆ ಹೋಗ್ಬೇಕು. ಬಾಯಿಮಾತು ಸಾಲದು, ಅಷ್ಟರೊಳಗೆ ನಿಮ್ಮ ಹೆಸರಿರೋ ಸಾಕ್ಷಿ ಏನಾದ್ರೂ ತನ್ನಿ."

ಸುದ್ದಿ ಮೇಸ್ತ್ರಿಯ ಕಿವಿಗೆ ಬಿತ್ತು. ತಾನು ತಮಾಷೆಗೆ ಇಟ್ಟ ಹೆಸರೇ ಆ ಹುಡುಗಿಯ ಅನ್ನಕ್ಕೆ ಕಲ್ಲು ಹಾಕಿತಲ್ಲ! ಕೈ ಸಹ ಒರೆಸಿಕೊಳ್ಳದೆ ಒಂದು ತುಕ್ಕು ಹಿಡಿದ ಡಬ್ಬ ಹೊತ್ತುಕೊಂಡು ಆಫೀಸಿಗೆ ಓಡಿದರು.

ಅವರ ಹತ್ತಿರ ಕಲಿಯುವವರೆಲ್ಲ ಮೊದಲು ಮಾಡಬೇಕಾದ ಕೆಲಸ ಒಂದಿತ್ತು. ಅಂಗೈಯಗಲದ ಕಬ್ಬಿಣದ ಪಟ್ಟಿಯಲ್ಲಿ ಒಂದು ಚೌಕ ತೂತು, ಅದರೊಳಗೆ ಯಾವ ಕಡೆ ತಿರುಗಿಸಿ ಕೂರಿಸಿದರೂ ಬೆಳಕು ನುಸುಳದಂಥ ಒಂದು ಚೌಕ ತುಂಡು. ಬರೀ ಅರದಿಂದ ಉಜ್ಜಿ ಉಜ್ಜಿಯೇ ಹದಕ್ಕೆ ತರಬೇಕು. ಪಟ್ಟಿಯ ಮುಂಬದಿಗೆ ಕಲಿಯುವವರು ತಮ್ಮ ಹೆಸರು, ತಾರೀಖು ಅಚ್ಚೊತ್ತಬೇಕು. ಒಪ್ಪಿಗೆಯಾದ ದಿನ ಮೇಸ್ತ್ರಿ ಅದರ ಹಿಂಬದಿಗೆ ಅಡ್ಡಹೆಸರು ಹೊಡೆದು ಡಬ್ಬಕ್ಕೆ ಹಾಕಿಕೊಳ್ಳುತ್ತಿದ್ದರು.

ಗುಮಾಸ್ತ ಡಬ್ಬವನ್ನು ಮೇಜಿನ ಮೇಲೆ ಸುರಿದ. ನಿದ್ದೆ ಸಿಕ್ಕಿದ. ಗ್ರೀಸು ಸಿಕ್ಕಿದ. ಇರುವೆ ಮಾತ್ರ ಇಲ್ಲ.

ಅವಳ ಮುಖ ಬಾಡಿತು. "ನಂದು ಎಸೆದ್ಬಿಟ್ರಾ ಮೇಸ್ತ್ರಿ? ಅವತ್ತು ಬರೀ 'ಪರವಾಗಿಲ್ಲ' ಅಂದಿದ್ರಿ. ಅಷ್ಟು ಕೆಟ್ಟದಾಗಿತ್ತಾ?"

ಮೇಸ್ತ್ರಿ ಗಡ್ಡ ಕೆರೆದುಕೊಂಡರು, ಗೋಡೆಯ ಗಡಿಯಾರ ನೋಡಿದರು. ಕೊನೆಗೆ ಅಂಗಿಯ ಜೇಬಿನಿಂದ ಎಣ್ಣೆ ಬಟ್ಟೆಯಲ್ಲಿ ಸುತ್ತಿದ ಗಂಟೊಂದನ್ನು ತೆಗೆದರು. ಜೇಬಿನಲ್ಲೇ ಇಟ್ಟುಕೊಂಡು ಡಬ್ಬ ಯಾಕೆ ಹೊತ್ತು ತಂದರು ಅನ್ನುತ್ತೀರಾ? ನಾಚಿಕೆ ಸ್ವಾಮಿ, ನಾಚಿಕೆ! ಉಳಿದವನ್ನು ನೋಡಿಯೇ ಗುಮಾಸ್ತ ನಂಬಿಬಿಟ್ಟಾನು ಎಂಬ ಆಸೆ.

"ಹೊಸಬರು ಬಂದಾಗೆಲ್ಲ ಇದನ್ನೇ ತೋರಿಸೋದು, ಹೀಗೆ ಮಾಡ್ರೋ ಅಂತ" ಎಂದರು. "ಇಂಥದ್ದು ನನ್ನ ಕೈಯಲ್ಲೂ ಬಂದಿಲ್ಲ ಕಣಮ್ಮ. ಹೇಳಿದ್ರೆ ಎಲ್ಲಿ ನಿನಗೆ ಜಂಬ ಬರುತ್ತೋ ಅಂತ ಬಾಯಿ ಮುಚ್ಕೊಂಡಿದ್ದೆ. ತಪ್ಪಾಯ್ತು."

ಗುಮಾಸ್ತ ಪಟ್ಟಿಯನ್ನು ಕಿಟಕಿಗೆ ಹಿಡಿದ. ಕೂದಲೆಳೆಯಷ್ಟೂ ಬೆಳಕಿಲ್ಲ. ಮುಂದೆ ಸರ್ಟಿಫಿಕೇಟಿನದೇ ಹೆಸರು, ಹಿಂದೆ ಇರುವೆ. ಐದಕ್ಕೆ ಇನ್ನೂ ಇಪ್ಪತ್ತು ನಿಮಿಷವಿತ್ತು.

"ಇದನ್ನ ಫೈಲಿಗೆ ಸೇರಿಸ್ಬೇಕು ಮೇಸ್ತ್ರಿ. ಮತ್ತೆ ವಾಪಸ್ ಸಿಗಲ್ಲ."

ಮೇಸ್ತ್ರಿ ಅದನ್ನೊಮ್ಮೆ ಕೈಗೆ ತೆಗೆದುಕೊಂಡು ಹೆಬ್ಬೆರಳಿನಿಂದ ಒರೆಸಿ ಮೇಜಿನ ಮೇಲಿಟ್ಟರು. "ಇಟ್ಕೊಳ್ಳಿ. ಮಾಡಿದವಳೇ ಬರ್ತಾಳಲ್ಲ."

ಸೋಮವಾರ ಬೆಳಿಗ್ಗೆ ಮೇಸ್ತ್ರಿ ಕನ್ನಡಕ ಏರಿಸಿಕೊಂಡು, ಬುದ್ಧಿ ಕಲಿತವರಂತೆ, ಹಾಜರಿ ಪುಸ್ತಕದಲ್ಲಿ ಅವಳ ಪೂರ್ತಿ ಹೆಸರನ್ನು ಅಕ್ಷರ ಅಕ್ಷರ ಕೂಡಿಸಿ ಬರೆದರು. ಆಮೇಲೆ ಗಟ್ಟಿಯಾಗಿ ಕೂಗಿದರು. ಉತ್ತರವಿಲ್ಲ. ಮೂರು ಸಲ ಕೂಗಿದರೂ ಇಲ್ಲ. ಬಸ್ಸಿನಡಿಯಿಂದ ಸ್ಪ್ಯಾನರಿನ ಸದ್ದು ಮಾತ್ರ ಬರುತ್ತಿತ್ತು.

"ಏ ಇರುವೆ!"

"ಬಂದೆ ಮೇಸ್ತ್ರಿ!"