ಅಟ್ಟದ ಮೇಲೆ ಒಂಬತ್ತು ನಿಮಿಷ

ಹತ್ತು ವರ್ಷ ನಗೆಯ ಕಿರುಚಿತ್ರ ಮಾಡಿದೆ, ಒಬ್ಬರೂ ನಗಲಿಲ್ಲ. ಎಮ್ಮೆಯೊಂದು ಬಸ್‌ಸ್ಟ್ಯಾಂಡಿನಲ್ಲಿ ಬಸ್ಸಿಗೆ ಕಾಯುವುದನ್ನು ಏಳು ನಿಮಿಷ ತೋರಿಸಿದ್ದೆ. ನೋಡಿದವರು ಎಮ್ಮೆಗೆ ಹುಷಾರಿಲ್ಲವೇ ಎಂದು ಕೇಳಿದರು. ಪ್ರಯೋಗ ಅಂದರೆ ಹೀಗೇ ಎಂದು ನನಗೆ ನಾನೇ ಸಮಾಧಾನ ಹೇಳಿಕೊಳ್ಳುತ್ತಿದ್ದೆ.

ಆಮೇಲೆ ದೊಡ್ಡಮ್ಮನನ್ನು ಕ್ಯಾಮೆರಾ ಮುಂದೆ ಕೂರಿಸಿದೆ. ಅರಳಗುಪ್ಪೆ ಹತ್ತಿರದ ನಮ್ಮ ಮನೆಯಲ್ಲಿ ಅಟ್ಟದ ಕಾಯಿಯೆಲ್ಲ ಅವಳ ಸುಪರ್ದಿ. ವರ್ಷದ ಹತ್ತಿರ ಅಟ್ಟದಲ್ಲಿ ಒಣಗಿದ ತೆಂಗಿನಕಾಯಿಯನ್ನು ಕಿವಿಯ ಪಕ್ಕ ಅಲ್ಲಾಡಿಸಿದರೆ, ಚಿಪ್ಪು ಬಿಟ್ಟ ಕೊಬ್ಬರಿ ಒಳಗೆ ಗಡಗಡ ಅನ್ನುತ್ತದೆ. ಅಂಥದ್ದನ್ನು ಸುಲಿಯಬಹುದು. ಸದ್ದಿಲ್ಲದ್ದನ್ನು ಇನ್ನಷ್ಟು ದಿನ ಬಿಡಬೇಕು. ಈ ವಿಷಯದಲ್ಲಿ ದೊಡ್ಡಮ್ಮನ ಮಾತಿಗೆ ಎದುರಾಡಿದವರಿಲ್ಲ. ಅಕ್ಕಪಕ್ಕದ ತೋಟದವರೂ ಅವಳನ್ನೇ ಕರೆಯುತ್ತಿದ್ದರು. ಕರೆ ಬಂದ ದಿನ ಹೊಸ ಸೀರೆ ಉಟ್ಟು ಹೋಗುತ್ತಿದ್ದಳು.

ನಾನು ಬರೆದದ್ದು ಇಷ್ಟೇ: ಏಣಿ ಹತ್ತಿ ಅಟ್ಟಕ್ಕೆ ಬಂದು ಕೂತು ಮೂರು ಕಾಯಿ ಬೇಡ ಅನ್ನಬೇಕು, ನಾಲ್ಕನೆಯದಕ್ಕೆ ಆಯ್ತು ಅನ್ನಬೇಕು. ನಾಲ್ಕನೆಯದನ್ನೂ ಅಲ್ಲಾಡಿಸಿ, "ಇದಿನ್ನೂ ಆಗಿಲ್ಲ ಕಣ್ಲಾ" ಅಂದಳು. ಐದನೆಯದೂ ಆಗಿಲ್ಲ. ನನ್ನ ಹೆಡ್‌ಫೋನಿನಲ್ಲಿ ಕೊಬ್ಬರಿ ಗಡಗಡ ಅನ್ನುವುದು ಸ್ಪಷ್ಟವಾಗಿ ಕೇಳುತ್ತಿತ್ತು. ಎಂಥ ನಟಿ ಎಂದು ಉಬ್ಬಿಹೋದೆ. ಒಂಬತ್ತು ನಿಮಿಷ ಕ್ಯಾಮೆರಾ ನಿಲ್ಲಿಸಲಿಲ್ಲ. ಅವಳು ಗಂಭೀರವಾಗಿ ಕೂತು, ಒಣಗಿದ ಕಾಯಿಗಳನ್ನೆಲ್ಲ ಪಕ್ಕಕ್ಕೆ ತಳ್ಳಿದಳು.

ತಿಪಟೂರಿನ ಕಾಲೇಜೊಂದರಲ್ಲಿ ತೋರಿಸಿದೆ. ಕೊಬ್ಬರಿ ಸೀಮೆಯ ಮಕ್ಕಳಿಗೆ ಆ ಸದ್ದನ್ನು ವಿವರಿಸಬೇಕೇ? ಬೆಂಚು ಬಡಿದು ನಕ್ಕರು. ನಾನು ಹಿಂದೆ ನಿಂತು ಖುಷಿಗೆ ಕಣ್ಣೊರೆಸಿಕೊಂಡೆ. ಎರಡೇ ದಿನದಲ್ಲಿ ಅದು ತುರುವೇಕೆರೆ, ಹುಳಿಯಾರು ದಾಟಿ ಸಿಕ್ಕಸಿಕ್ಕವರ ಮೊಬೈಲಿಗೆ ಹೋಯಿತು.

ಜನ ನಕ್ಕ ಸುದ್ದಿ ಹೇಳಿ ದೊಡ್ಡಮ್ಮನ ಕೈಗೆ ಮೊಬೈಲ್ ಕೊಟ್ಟೆ. ಸೌಂಡು ಪೂರ್ತಿ ಇಟ್ಟಿದ್ದೆ. ಅವಳು ಕೊನೆತನಕ ನೋಡಿ, "ಕಾಯೆಲ್ಲಾ ಹಸಿ ಅಂತ ನಾನ್ ಸರ್ಯಾಗೇ ಹೇಳಿವ್ನಲ್ಲಾ. ಅದ್ಕ್ಯಾಕ್ ನಕ್ರು?" ಅಂದಳು.

ವರ್ಷದಿಂದ ಮನೆಯವರೆಲ್ಲ ಅವಳೊಂದಿಗೆ ಗಟ್ಟಿಯಾಗಿ ಮಾತಾಡುತ್ತಿದ್ದೇವೆ ಎನ್ನುವುದು ನನಗೆ ಆಗ ಹೊಳೆಯಿತು. ನೀನು ಏಣಿ ಹತ್ತಿದ ರೀತಿಗೆ ನಕ್ಕರು ಎಂದು, ಅದನ್ನೂ ಗಟ್ಟಿಯಾಗಿಯೇ, ಸುಳ್ಳು ಹೇಳಿದೆ. ನನ್ನ ಮೊಬೈಲಿನಲ್ಲಿದ್ದದ್ದನ್ನು ಅಳಿಸಿದೆ. ಊರವರ ಮೊಬೈಲಿಗೆ ಏನು ಮಾಡಲಿ? ಇನ್ನೊಂದು ಭಾಗ ಮಾಡಿ ಎಂದು ಗುರುತಿಲ್ಲದವರೆಲ್ಲ ಫೋನು ಮಾಡುತ್ತಿದ್ದರು. ನನ್ನ ಕಸುಬಿನಲ್ಲಿ ನಾನು ಗೆದ್ದದ್ದು ಅದೊಂದೇ ಸಲ, ಅದೂ ಅವಳ ಮಾನ ತೆಗೆದು.

ಆ ಸಲ ಪಕ್ಕದ ತೋಟದವರು ಅವಳನ್ನು ಕರೆಯಲಿಲ್ಲ. ಯಾಕೆ ಎಂದು ಅವಳು ಯಾರನ್ನೂ ಕೇಳಲಿಲ್ಲ.

ನಮ್ಮ ಮನೆಯ ಕಾಯಿ ಸುಲಿಯುವ ದಿನ ನನ್ನನ್ನೂ ಅಟ್ಟಕ್ಕೆ ಕರೆದಳು. "ಕ್ಯಾಮ್ರಾ ಬ್ಯಾಡ ಬುಡು. ನೀನ್ ಎದ್ರುಗ್ ಕೂತ್ಕೊ" ಅಂದಳು. ಕಾಯೊಂದನ್ನು ಎಂದಿನಂತೆ ಕಿವಿಯ ಪಕ್ಕ ಹಿಡಿದು ಅಲ್ಲಾಡಿಸಿದಳು. ಅದು ಗಡಗಡ ಅಂದಿತು. ಅವಳು ಇನ್ನೊಮ್ಮೆ ಅಲ್ಲಾಡಿಸಿ, ನನ್ನ ಮುಖವನ್ನೇ ನೋಡುತ್ತಾ ಕೂತಳು.