ಕಚ್ಚಿ ಕುಡಿದ ಲೋಟ

ನಮ್ಮವ್ವ ಸಭೆಗೆ ಸೇರಿದಾಗ ಕೇರಿಯವರೆಲ್ಲ ಕೇಳಿದ್ದು ಒಂದೇ ಮಾತು: ಏನು ಕೊಟ್ಟರು? ಚರ್ಚಿಗೆ ಹೋಗುವವರು ಅದನ್ನು ಸಭೆ ಎನ್ನುತ್ತಾರೆ, ನಮಗೂ ಅದೇ ರೂಢಿಯಾಗಿದೆ. ಅಕ್ಕಿ ಕೊಟ್ಟರಾ, ಹೊಲಿಗೆ ಮಷಿನ್ ಕೊಟ್ಟರಾ, ಮಗಳ ಮದುವೆಗೆ ದುಡ್ಡು ಕೊಡುತ್ತೇವೆ ಎಂದರಾ? ನಾನು ಕೊಟ್ಟೂರಿನ ಶಾಲೆಯೊಂದರಲ್ಲಿ ಟೀಚರು. ಅಲ್ಲಿಯ ಸ್ಟಾಫ್ ರೂಮಿನಲ್ಲೂ ಇದೇ ಪ್ರಶ್ನೆ, ಸ್ವಲ್ಪ ನಯವಾಗಿ, ಟೀ ಹೀರುತ್ತಾ. ನನಗೆ ಮೈ ಉರಿಯುತ್ತಿತ್ತು. ನಮ್ಮಂಥವರು ದೇವರನ್ನು ಬದಲಿಸಿದರೆ ಅದು ಹೊಟ್ಟೆಪಾಡಿಗೇ ಇರಬೇಕು ಎಂದು ಇವರಿಗೆ ಯಾರು ಹೇಳಿಕೊಟ್ಟರೋ. ಅವ್ವನಿಗೆ ಅವರು ಕೊಟ್ಟದ್ದು ಒಂದು ಗುಟುಕು ದ್ರಾಕ್ಷಿ ರಸ, ಅದೂ ಸಾಲಾಗಿ ಕೂತವರೆಲ್ಲ ಬಾಯಿ ಇಟ್ಟ ಸ್ಟೀಲ್ ಲೋಟದಲ್ಲಿ.

ಮೊದಲು ಹೋದದ್ದು ಮೊಣಕಾಲು ನೋವಿಗೆ. ಪ್ರಾರ್ಥನೆ ಮಾಡಿಸಿದರೆ ಹೋಗುತ್ತದೆ ಎಂದು ಜೊತೆಗೆ ಕೆಲಸ ಮಾಡುತ್ತಿದ್ದವಳೊಬ್ಬಳು ಅವ್ವನ ತಲೆಗೆ ತುಂಬಿದ್ದಳು. ನೋವು ಇವತ್ತಿಗೂ ಹೋಗಿಲ್ಲ. ಆಟೊ ಹತ್ತಿ ಇಳಿಯುವುದು ಅವ್ವನಿಗೆ ಕಷ್ಟವೆಂದು ನಾನೂ ಹೋಗಿದ್ದೆ. ನನಗೆ ದೇವರ ಗೊಡವೆ ಇಲ್ಲ. ಮನೆಯಲ್ಲಿ ಬುದ್ಧನ ಫೋಟೊ ಇದೆ, ಅದರ ಧೂಳು ಒರೆಸುವುದೇ ನನ್ನ ಭಕ್ತಿ. ಹಗರಿಬೊಮ್ಮನಹಳ್ಳಿಯ ಅಂಚಿನಲ್ಲಿ, ಮೆಕ್ಕೆಜೋಳದ ಗೋದಾಮಿನ ಹಿಂದೆ, ತಗಡಿನ ಮಾಡಿನ ಉದ್ದನೆಯ ಕೋಣೆ. ಹಾಡು, ಚಪ್ಪಾಳೆ, ಅಳು, ಮತ್ತೆ ಹಾಡು. ಯಾವಾಗ ಮುಗಿಯುತ್ತದೋ ಎಂದು ನಾನು ಕಾಯುತ್ತಿದ್ದೆ.

ಅವತ್ತು ತಿಂಗಳ ಮೊದಲ ಭಾನುವಾರ. ಕರ್ತನ ಭೋಜನದ ದಿನ. ಪಾಸ್ಟರು ಸಣ್ಣ ರೊಟ್ಟಿ ಚೂರು ಹಂಚಿ, ಲೋಟಕ್ಕೆ ದ್ರಾಕ್ಷಿ ರಸ ತುಂಬಿ ಕೊಟ್ಟರು. ಹೊಸಬರು, ದೀಕ್ಷಾಸ್ನಾನ ಆಗದವರು ಮುಟ್ಟಬಾರದು ಎಂಬ ಕಟ್ಟುಪಾಡು ಬೇರೆ ಕಡೆ ಇದೆಯಂತೆ. ಇಲ್ಲಿ ಆ ಬಿಗಿ ಇರಲಿಲ್ಲ. ಲೋಟ ಕೈಯಿಂದ ಕೈಗೆ ಬರುತ್ತಾ ಅವ್ವನಿಗೆ ಬಂತು. ಅವ್ವ ಕುಡಿದು, ಏನು ಮಾಡಬೇಕೋ ತಿಳಿಯದೆ ಅದನ್ನು ನೆಲಕ್ಕಿಡಲು ಹೋದಳು. ಪಕ್ಕದಲ್ಲಿ ಕೂತ ಹೆಂಗಸು ಕೈ ಚಾಚಿ ಇಸಿದುಕೊಂಡು, ಅಂಚಿಗೆ ತುಟಿ ಇಟ್ಟು ಕುಡಿದಳು. ಆಕೆ ಕೊಟ್ಟೂರಿನ ಒಂದು ವ್ಯಾಪಾರಸ್ಥರ ಮನೆಯ ವಿಧವೆ, ಊರಲ್ಲಿ ನಾವು ಕಟ್ಟೆಯ ಕೆಳಗೆ ನಿಂತು ಮಾತಾಡಿಸಬೇಕಾದ ಜಾತಿ. ಸಭೆಯಲ್ಲಿ ಎಲ್ಲರೂ ಆಕೆಯನ್ನು ಕೊಟ್ಟೂರಿನಮ್ಮ ಎನ್ನುತ್ತಿದ್ದರು. ಮನೆಯಲ್ಲಿ ಅತ್ತರೆ ಸೊಸೆಯಂದಿರು ಯಾಕೆಂದು ಕೇಳುತ್ತಾರೆ, ಇಲ್ಲಿ ಯಾರೂ ಕೇಳುವುದಿಲ್ಲ. ಅದಕ್ಕೇ ಪ್ರತಿ ವಾರ ಬಸ್ಸು ಹತ್ತಿ ಬರುತ್ತಿದ್ದಳಂತೆ.

ಮನೆಗೆ ಬಂದ ಮೇಲೆ ಅವ್ವ ಹೊಸ್ತಿಲಲ್ಲೇ ಕೂತಳು.

"ಎತ್ತಿ ಕುಡೀಲಿಲ್ಲ ನೋಡು ಅಮ್ಮಾರು. ಕಚ್ಚಿ ಕುಡದ್ರು."

ಎತ್ತಿ ಕುಡಿಯುವುದೆಂದರೆ ತುಟಿ ತಾಗಿಸದೆ ಮೇಲಿನಿಂದ ಬಾಯಿಗೆ ಸುರಿದುಕೊಳ್ಳುವುದು. ಕಚ್ಚಿ ಕುಡಿಯುವುದು ನಮ್ಮವರೆಂದುಕೊಂಡವರ ಲೋಟದಲ್ಲಿ ಮಾತ್ರ. ಅವ್ವ ಒಂದು ಹಾಸ್ಟೆಲಿನಲ್ಲಿ ಪಾತ್ರೆ ತೊಳೆದು ಮುದುಕಿಯಾದವಳು. ಅವಳು ತಿಕ್ಕಿದ ತಟ್ಟೆಯಲ್ಲಿ ಎಲ್ಲರೂ ಉಣ್ಣುತ್ತಿದ್ದರು, ಅವಳು ತುಂಬಿಟ್ಟ ನೀರನ್ನು ಮಾತ್ರ ಚೆಲ್ಲಿ ಬೇರೆ ತುಂಬಿಸಿಕೊಳ್ಳುತ್ತಿದ್ದರು. ಅಂಥವಳಿಗೆ ಆ ಹೆಂಗಸಿನ ತುಟಿ ಏನಾಗಿ ಕಂಡಿರಬೇಕು ಎಂದು ನಾನು ಬಿಡಿಸಿ ಹೇಳಬೇಕಿಲ್ಲ.

ಅವ್ವ ಮಾಗಳದ ಹತ್ತಿರ ಹೊಳೆಯಲ್ಲಿ ಮುಳುಗಿ ಎದ್ದು ದೀಕ್ಷಾಸ್ನಾನ ತೆಗೆದುಕೊಂಡಳು. ಕುಂಕುಮ ಬಿಟ್ಟಳು. ಬಿಳಿ ಸೀರೆ ಉಟ್ಟಳು. ಕೇರಿಯಲ್ಲಿ ಮನೆಮನೆಗೆ ಹೋಗಿ ಹೇಳಿದ್ದು ಯೇಸುವಿನ ಕಥೆಯಲ್ಲ, ಲೋಟದ ಕಥೆ. ಅದನ್ನು ಕೇಳಿಯೇ ಇನ್ನೂ ಕೆಲವು ಮನೆಯವರು ಹೊರಟರು. ಪಾಸ್ಟರಿಗೆ ನಮ್ಮವ್ವ ಎಂದರೆ ಪ್ರಾಣ.

ನಮ್ಮ ಊರಿನಲ್ಲಿ ಎರಡು ಕೇರಿ. ಊರಿನವರ ಲೆಕ್ಕದಲ್ಲಿ ನಾವು ಕೆಳಗೆ. ನಮ್ಮವರ ಲೆಕ್ಕದಲ್ಲಿ ಆಚೆ ಕೇರಿಯವರು ನಮಗಿಂತ ಕೆಳಗೆ. ಸತ್ತವರ ಮುಂದೆ ಹಲಗೆ ಬಡಿಯುವುದು ಅವರ ಪಾಲಿನ ಚಾಕರಿ. ಊರಿನ ಹಿರಿಯರು ಕರೆಕಳಿಸಿದರೆ ಉಣ್ಣುತ್ತಿದ್ದ ಕೈ ತೊಳೆದು ಎದ್ದು ಬರಬೇಕು. ಆಚೆ ಕೇರಿಯ ಒಬ್ಬ ಮುದುಕಿ ತನ್ನ ಸೊಸೆಯನ್ನು ಕರೆದುಕೊಂಡು ಸಭೆಗೆ ಬಂದದ್ದು ಈ ಕಾರಣಕ್ಕೆ. ಕರೆಯಲು ಬಂದವರಿಗೆ, ನಾವು ಪ್ರಾರ್ಥನೆಗೆ ಸೇರಿದ್ದೇವೆ, ಇನ್ನು ಹಲಗೆ ಮುಟ್ಟುವುದಿಲ್ಲ ಎಂದು ಹೇಳಬಹುದಲ್ಲ. ಒಳಗೆ ಬಂದವಳು ಗುರುತಿನ ಮುಖ ಹುಡುಕಿದಳು. ಅವ್ವನನ್ನು ಕಂಡಳು. ಮುಖ ಅರಳಿಸಿಕೊಂಡು ಬಂದು ಅವ್ವನ ಎಡಕ್ಕೇ ಕೂತಳು.

ಅವತ್ತು ಲೋಟ ಎಡಗಡೆಯಿಂದ ಬಂತು. ಮುದುಕಿ ಕುಡಿದು ಎರಡೂ ಕೈಯಲ್ಲಿ ಹಿಡಿದು ಅವ್ವನಿಗೆ ಕೊಟ್ಟಳು. ಅವ್ವ ಅದನ್ನು ತೆಗೆದುಕೊಂಡು, ಕತ್ತು ಹಿಂದಕ್ಕೆ ಬಾಗಿಸಿ, ಲೋಟವನ್ನು ಮುಖದಿಂದ ಎತ್ತರಕ್ಕೆ ಹಿಡಿದು ಸುರಿದುಕೊಂಡಳು. ದ್ರಾಕ್ಷಿ ರಸ ಗದ್ದದ ಮೇಲೆ ಹರಿದು ಬಿಳಿ ಸೀರೆಯ ಎದೆಗೆ ಇಳಿಯಿತು. ಕೊಟ್ಟೂರಿನಮ್ಮ ಕಣ್ಣು ಮುಚ್ಚಿ ಅಳುತ್ತಿದ್ದಳು, ನೋಡಲಿಲ್ಲ. ಪಾಸ್ಟರು ನೋಡಿದರು. ಮುದುಕಿ ಆ ಕಲೆಯನ್ನೇ ನೋಡುತ್ತಾ ಕೂತಳು. ನನಗೆ ಭೂಮಿ ಬಾಯಿ ಬಿಡಬಾರದೇ ಅನಿಸಿತು.

ಮುಂದಿನ ತಿಂಗಳಿನಿಂದ ಅವ್ವ ಹೋಗಲಿಲ್ಲ. ಮೊಣಕಾಲು ಎಂದಳು. ಪಾಸ್ಟರು ಬೋಧಿಸುವ ಪ್ರಸಂಗ ಉದ್ದ ಎಂದಳು. ಹಾಡೆಲ್ಲ ತೆಲುಗಿನವು, ಬಾಯಿಗೇ ಬರುವುದಿಲ್ಲ ಎಂದಳು. ಅವಳು ಬಿಟ್ಟದ್ದೇ ತಡ, ಅವಳ ಹಿಂದೆ ಹೋಗಿದ್ದ ಮನೆಗಳೂ ಒಂದೊಂದಾಗಿ ಬಿಟ್ಟವು. ನನ್ನ ತಾಯಿ ಎಂದು ನಾನು ಸುಮ್ಮನಿರಲಿಲ್ಲ. ಒಂದು ಮಧ್ಯಾಹ್ನ ಉಣ್ಣಲು ಕೂತಾಗ ಮುಖಕ್ಕೇ ಕೇಳಿದೆ.

"ಅಕಿ ಕುಡದ ಲೋಟ ಅಂತ ಬಿಟ್ಟಿ ಹೌದಿಲ್ಲೋ?"

"ಹೌದು. ಅವರ ಎಂಜಲ ನಾ ಕುಡೀಬೇಕೇನು?"

"ಕೊಟ್ಟೂರಿನಮ್ಮ ನಿನ್ನ ಎಂಜಲ ಕುಡೀಲಿಲ್ಲೇನು?"

"ಅದು ಬ್ಯಾರೆ."

"ಹೆಂಗ ಬ್ಯಾರೆ?"

"ಅಮ್ಮಾರು ತಾವಾಗೇ ಕುಡದ್ರು. ನಾ ಏನು ಕುಡೀರಿ ಅಂದಿದ್ನೇನು?" ಎಂದು ಅವ್ವ ಮುದ್ದೆ ಮುರಿದು ಸಾರಿಗೆ ಅದ್ದಿದಳು.

ಇಂಥ ಉತ್ತರಕ್ಕೆ ಯಾವ ಟೀಚರೂ ಮಾರ್ಕ್ಸ್ ಹಾಕಲಾರಳು. ನಾನು ತಟ್ಟೆ ಬಿಟ್ಟು ಎದ್ದೆ. ಜೀವಮಾನವಿಡೀ ಒದೆಸಿಕೊಂಡವಳು ಕಲಿತದ್ದು ಒದೆಯುವುದು ಹೇಗೆ ಎಂಬುದನ್ನೇ. ಅವಳ ಮೇಲೆ ನನಗೆ ಅವತ್ತು ಹುಟ್ಟಿದ ಅಸಹ್ಯ ಇನ್ನೂ ಪೂರ್ತಿ ಹೋಗಿಲ್ಲ.

ಒಂದು ಸಂಜೆ ಪಾಸ್ಟರು ಮನೆಗೆ ಬಂದರು. ಖಾಲಿ ಚಾಪೆಗಳ ಮುಂದೆ ಪ್ರಸಂಗ ಮಾಡಿ ಸೊರಗಿದ್ದರು ಪಾಪ. ಅವ್ವನ ಮೊಣಕಾಲಿಗೆ ಪ್ರಾರ್ಥನೆ ಮಾಡಿದರು. ಆಮೇಲೆ ಮೆಲ್ಲಗೆ ಸುದ್ದಿ ತೆಗೆದರು.

"ಇನ್ನ ಮ್ಯಾಲೆ ಸಣ್ಣ ಸಣ್ಣ ಕಪ್ ತರಸ್ತೀವ್ರಿ ತಾಯಿ. ಒಬ್ಬೊಬ್ಬರಿಗೆ ಒಂದೊಂದು. ಕೊರೊನಾ ಬಂದು ಹೋದ ಮ್ಯಾಲೆ ರೋಗರುಜಿನದ ಕಾಲ ಐತಲ್ರಿ."

"ಕೊರೊನಾ ಹೋಗಿ ಎಷ್ಟು ದಿನ ಆತ್ರಿ ಪಾಸ್ಟರ?" ಎಂದು ನಾನು ಕೇಳಿದೆ. "ಇಷ್ಟು ದಿನ ಒಂದ ಲೋಟದಾಗ ಕುಡಿಸಿದ್ರಲ್ಲ, ಅವಾಗ ರೋಗ ಇರಲಿಲ್ಲೇನು?"

ಅವರು ನನ್ನ ಮುಖ ನೋಡಲಿಲ್ಲ. "ಟೀಚರಮ್ಮ, ಸಭೆ ನಡೀಬೇಕಲ್ರಿ," ಎಂದರು.

ಅವ್ವ ಒಳಗೆ ಹೋಗಿ ಟೀ ಇಟ್ಟಳು. ಅದರ ಅರ್ಥ ಒಪ್ಪಿದೆ ಎಂದು.

ಮುಂದಿನ ಮೊದಲ ಭಾನುವಾರ ನಾನೂ ಹೋದೆ, ನೋಡಲೆಂದೇ ಹೋದೆ. ಅವ್ವ ಹೊಸ ಸೀರೆ ಉಟ್ಟಿದ್ದಳು. ನಮ್ಮ ಕೇರಿಯವರೆಲ್ಲ ವಾಪಸ್ ಬಂದಿದ್ದರು, ಕೋಣೆ ತುಂಬಿತ್ತು. ಹೆಬ್ಬೆರಳಿನಷ್ಟು ಪ್ಲಾಸ್ಟಿಕ್ ಕಪ್ಪುಗಳನ್ನು ಜೋಡಿಸಿದ ತಟ್ಟೆ ಮೇಜಿನ ಮೇಲಿತ್ತು. ಆಚೆ ಕೇರಿಯ ಸೊಸೆ ಎಳೆಯವಳು, ಚುರುಕಿನವಳು. ಹಂಚಲು ತಾನಾಗಿ ಎದ್ದು ತಟ್ಟೆಗೆ ಕೈ ಹಾಕಿದಳು. ಪಾಸ್ಟರು ಸರಕ್ಕನೆ ಮುಂದೆ ಬಂದು ತಾವೇ ಎತ್ತಿಕೊಂಡರು. "ನೀ ಕೂಡವ್ವ," ಎಂದರು, ಬಹಳ ಪ್ರೀತಿಯಿಂದ. ಅವಳು ಗೋಡೆ ಹತ್ತಿರ ನನ್ನ ಪಕ್ಕಕ್ಕೆ ಬಂದು ಕೂತಳು.

ನನಗೆ ತಡೆಯಲಾಗಲಿಲ್ಲ. "ಇಷ್ಟಾದ ಮ್ಯಾಲೂ ಯಾಕ ಬರ್ತಿ?" ಎಂದು ಪಿಸುಗುಟ್ಟಿದೆ.

"ಯಾವ ಕಪ್ಪಿನಾಗರ ಕೊಡ್ಲಿ ಅಕ್ಕ," ಎಂದಳು. "ನನ್ನ ಗಂಡನ್ನ ಹಲಗಿಗೆ ಕರಿಯಾಕ ಈಗ ಯಾರೂ ಬರಂಗಿಲ್ಲ. ನನಗ ಅಷ್ಟು ಸಾಕು."

ಜನ ಸಭೆಗೆ ಯಾಕೆ ಬರುತ್ತಾರೆ, ಯಾಕೆ ಬಿಡುತ್ತಾರೆ ಎಂದು ದೊಡ್ಡ ದೊಡ್ಡವರು ಮಾತಾಡುವುದನ್ನು ಕೇಳಿದ್ದೇನೆ. ಆ ಕೋಣೆಯಲ್ಲಿ ಎಲ್ಲವನ್ನೂ ಮನಸ್ಸಿಗೆ ಇಳಿಸಿಕೊಂಡು, ಕಣ್ಣು ತೆರೆದು ಕೂತವಳು ಇವಳೊಬ್ಬಳೇ ಎಂದು ನನಗೆ ಅನಿಸಿತು.

ಎಲ್ಲರೂ ತಮ್ಮ ತಮ್ಮ ಕಪ್ಪು ಎತ್ತಿಕೊಂಡರು. ಅವ್ವ ತನ್ನದನ್ನು ಕುಡಿದು ಕೊಟ್ಟೂರಿನಮ್ಮನ ಕಡೆ ತಿರುಗಿ ನಕ್ಕಳು, ಹಿಂದೆ ಲೋಟ ಕೊಟ್ಟು ನಗುತ್ತಿದ್ದ ಹಾಗೆ. ಕೊಟ್ಟೂರಿನಮ್ಮ ತನ್ನ ಕಪ್ಪನ್ನು ಬೆಳಕಿಗೆ ಹಿಡಿದು ನೋಡಿ, ಕುಡಿದು, ತುಂಬಾ ಹಗುರಾದವಳಂತೆ ಪಾಸ್ಟರಿಗೆ ಹೇಳಿದಳು:

"ಇದು ಚೊಲೊ ಆತು ನೋಡ್ರಿ. ಮೊದಲಿಂದನ ಹಿಂಗ ಮಾಡಬೇಕಿತ್ತು."

ಅವ್ವನ ನಗು ಮುಖದ ಮೇಲೇ ನಿಂತುಹೋಯಿತು. ಆಚೆ ಕೇರಿಯ ಮುದುಕಿ ಅದನ್ನು ಕಂಡಳು. ಆಕೆ ಬೈಯಲಿಲ್ಲ, ದನಿ ಏರಿಸಲೂ ಇಲ್ಲ.

"ನಿನಗೂ ಬ್ಯಾರೆ ಲೋಟ ಬಂತಲ್ಲಬೇ," ಎಂದಳು ಅಷ್ಟೇ.

ಅವ್ವನನ್ನು ಹಿಡಿದು ಆಟೊ ಹತ್ತಿಸಿದೆ. ಊರಿನ ತಿರುವು ಬಂದಾಗ ನನ್ನ ಮುಖ ನೋಡದೆ ಕೇಳಿದಳು.

"ಹಂಗಾದ್ರ ಅಮ್ಮಾರು ಇಷ್ಟು ದಿನ ಮನಸಿಲ್ಲದ ಕುಡೀತಿದ್ರೇನು?"

ಕೊಟ್ಟೂರಿನಮ್ಮನ ಮನಸ್ಸಿನಲ್ಲಿ ಏನಿತ್ತೋ ನನಗೆ ಗೊತ್ತಿಲ್ಲ. ನಿಜವಾಗಿಯೂ ರೋಗದ ಭಯಕ್ಕೇ ಹಾಗೆ ಹೇಳಿರಬಹುದು. ಅವ್ವನಿಗೆ ಅದನ್ನು ಹೇಳಿದ್ದರೆ ನಂಬುತ್ತಿದ್ದಳು, ನಂಬಲು ಕಾದು ಕೂತಿದ್ದಳು.

"ಹೂಂ," ಅಂದೆ. "ಮನಸಿಲ್ಲದ ಕುಡೀತಿದ್ರು."

ಅವ್ವ ಸೆರಗು ಎಳೆದುಕೊಂಡು ಬಾಯಿ ಒರೆಸಿಕೊಂಡಳು. ಮನೆ ಬರುವತನಕ ಒರೆಸಿಕೊಳ್ಳುತ್ತಲೇ ಇದ್ದಳು.